ತುದಿಯ ಹುಲ್ಲು, ಬುಡದ ಹೊಳೆ

ಕುಮಾರ ಪರ್ವತದ ತುದಿಗೆ ಮೊದಲು ಸಿಗುವ ಶೇಷಪರ್ವತದ ನೆತ್ತಿಗೆ ಇನ್ನು ಅರ್ಧ ಗಂಟೆಯ ಏರು ಇದೆ ಎನ್ನುವಾಗ ಕಾಲುದಾರಿ ಹುಲ್ಲಿನ ಮಟ್ಟದಿಂದ ಕೆಳಗಿಳಿಯಿತು. ಎರಡೂ ಬದಿಗೆ ಮೊಣಕಾಲೆತ್ತರದ ಮಣ್ಣಿನ ಗೋಡೆ, ನಡುವೆ ಒಂದು ಪಾದ ಊರುವಷ್ಟೇ ಜಾಗ. ಅದನ್ನು ದಾರಿ ಅನ್ನುವುದಕ್ಕಿಂತ ಕೊರಕಲು ಅನ್ನುವುದೇ ಸರಿ. ದಣಿವಾರಿಸಿಕೊಳ್ಳಲು ಅಲ್ಲೇ ಕೂತೆ. ಮಣ್ಣಿನ ಗೋಡೆ ಕಣ್ಣಿನ ನೇರಕ್ಕೆ ಬಂತು. ಮೇಲಿನ ಒಂದು ಗೇಣು ಕಪ್ಪು ಮಣ್ಣು. ಅದರ ತುಂಬ ಕೂದಲೆಳೆಯಂಥ ಬೇರು, ನೇಯ್ದ ಹಾಗೆ. ಅದರ ಕೆಳಗೆ ಗಟ್ಟಿ ಕೆಮ್ಮಣ್ಣು, ನಡುನಡುವೆ ಪುಡಿಕಲ್ಲು. ಕಪ್ಪು ಮಣ್ಣಿಗೆ ಬೆರಳಿಟ್ಟರೆ ತಣ್ಣಗೆ ಒಳಗಿಳಿಯಿತು. ಮಳೆ ನಿಂತು ಮೂರು ವಾರ ಕಳೆದಿತ್ತು, ನೆತ್ತಿಯ ಮೇಲೆ ನವೆಂಬರ್ ಬಿಸಿಲು ಸುಡುತ್ತಿತ್ತು. ಆದರೂ ತುಂಡಾಗಿ ಜೋತುಬಿದ್ದ ಒಂದು ಬೇರಿನ ತುದಿಯಲ್ಲಿ ಹನಿ ತುಂಬಿಕೊಳ್ಳುತ್ತಿತ್ತು. ನೋಡುತ್ತಿದ್ದಂತೆ ಉದುರಿ ಕೊರಕಲಿನ ತಳಕ್ಕೆ ಬಿತ್ತು. ಸ್ವಲ್ಪ ಹೊತ್ತಿಗೆ ಅದೇ ತುದಿಯಲ್ಲಿ ಇನ್ನೊಂದು ಹನಿ.

ಕೆಳಗೆ ಹೊಳೆಯಲ್ಲಿ ಹರಿಯುವ ನೀರು ಇಂಥ ಹನಿಗಳಿಂದಲೇ ಕೂಡಿದ್ದು. ಬೆಟ್ಟ ಹತ್ತಲು ಬರುವವರಿಗೆ ತುದಿ ಒಂದು ಜಾಗ, ಜಲಪಾತ ಇನ್ನೊಂದು ಜಾಗ. ಶನಿವಾರ ಒಂದು, ಭಾನುವಾರ ಇನ್ನೊಂದು ಎಂದು ಪಟ್ಟಿ ಮಾಡಿಕೊಂಡು ಬರುತ್ತೇವೆ. ನಾನೂ ಎಷ್ಟೋ ವರ್ಷ ಹಾಗೆಯೇ ತಿರುಗಿದ್ದೇನೆ. ಈ ಹನಿಯ ಮುಂದೆ ಕೂತ ಹತ್ತು ನಿಮಿಷದಲ್ಲಿ ಆ ಎರಡು ಜಾಗಗಳು ಒಂದಾದವು. ಎರಡನ್ನೂ ಜೋಡಿಸುವುದು ಈ ಒಂದು ಗೇಣು ಕಪ್ಪು ಮಣ್ಣು ಮತ್ತು ಅದನ್ನು ಹಿಡಿದಿಟ್ಟ ಹುಲ್ಲು. ನಮ್ಮ ಬೂಟು ಊರುತ್ತಿರುವುದು ನೇರವಾಗಿ ಅದರ ಮೇಲೆ.

ಎರಡು ಹೆಸರಿನ ಬೆಟ್ಟ

ಕುಕ್ಕೆ ಸುಬ್ರಹ್ಮಣ್ಯದ ಕಡೆಯಿಂದ ನೋಡುವವರಿಗೆ ಇದು ಕುಮಾರ ಪರ್ವತ. ಸೋಮವಾರಪೇಟೆ ಕಡೆಯವರಿಗೆ ಪುಷ್ಪಗಿರಿ. ಎತ್ತರ 1,712 ಮೀಟರ್. ಕೊಡಗಿನಲ್ಲಿ ತಡಿಯಂಡಮೋಳ್ ಬಿಟ್ಟರೆ ಇದೇ ಎತ್ತರ. ರಾಜ್ಯದ ಅತಿ ಎತ್ತರದ ಮುಳ್ಳಯ್ಯನಗಿರಿಗೆ ಹೋಲಿಸಿದರೆ ಇನ್ನೂರು ಮೀಟರಿಗೂ ಹೆಚ್ಚು ಗಿಡ್ಡ. ಆದರೆ ಮುಳ್ಳಯ್ಯನಗಿರಿಯ ನೆತ್ತಿಯ ಹತ್ತಿರದವರೆಗೂ ರಸ್ತೆ ಹೋಗುತ್ತದೆ. ಇಲ್ಲಿ ಕುಕ್ಕೆಯಿಂದ ಹೊರಟವರು ಕರಾವಳಿಯ ಮಟ್ಟಕ್ಕಿಂತ ತುಸುವೇ ಮೇಲಿರುವ ನೆಲದಿಂದ ಸುಮಾರು 13 ಕಿ.ಮೀ. ನಡೆದು, ಒಂದೂವರೆ ಸಾವಿರ ಮೀಟರಿಗೂ ಹೆಚ್ಚು ಏರಬೇಕು. ಕರ್ನಾಟಕದ ಕಠಿಣ ಚಾರಣಗಳ ಮಾತು ಬಂದಾಗ ಈ ಬೆಟ್ಟದ ಹೆಸರು ಮೊದಲು ಬರುವುದು ಈ ಏರಿನಿಂದ.

ಕೊಡಗಿನ ಕಡೆಯಿಂದ ಬೀದಳ್ಳಿ, ಹೆಗ್ಗಡೆಮನೆಯ ದಾರಿ ಹಿಡಿದರೆ ಅರ್ಧದಷ್ಟೇ ನಡಿಗೆ. ಆ ಊರುಗಳು ಆಗಲೇ ಘಟ್ಟದ ಮೇಲಿವೆ. ಪಶ್ಚಿಮ ಘಟ್ಟದ ಅಂಚು ಪಶ್ಚಿಮಕ್ಕೆ ಗೋಡೆಯಂತೆ ಕುಸಿದು, ಪೂರ್ವಕ್ಕೆ ಮೆಲ್ಲಗೆ ಇಳಿಯುತ್ತದೆ ಎಂದು ಶಾಲೆಯ ಭೂಗೋಳದಲ್ಲಿ ಓದಿದ್ದು ಇಲ್ಲಿ ತೊಡೆಯ ಸ್ನಾಯುವಿಗೇ ತಿಳಿಯುತ್ತದೆ.

ನದಿಯ ನಡೆ ಇನ್ನೂ ಚೆಂದ. ಕುಮಾರಧಾರಾ ಹುಟ್ಟುವುದು ಬೆಟ್ಟದ ಕೊಡಗಿನ ಮಗ್ಗುಲಲ್ಲಿ. ಪೂರ್ವದ ಹಳ್ಳಗಳನ್ನೆಲ್ಲ ಸೇರಿಸಿಕೊಂಡು ಮಲ್ಲಳ್ಳಿಯಲ್ಲಿ ಬಂಡೆಯಿಂದ ಧುಮುಕಿ, ಬಿಸಿಲೆಯ ಕಾಡಿಗೂ ಬೆಟ್ಟಕ್ಕೂ ನಡುವಿನ ಕಣಿವೆ ಹಿಡಿದು, ಉತ್ತರದಿಂದ ಪಶ್ಚಿಮಕ್ಕೆ ಸುತ್ತಿ ಕುಕ್ಕೆಗೆ ಬರುತ್ತದೆ. ಹುಟ್ಟಿದ ಬೆಟ್ಟಕ್ಕೆ ಅರ್ಧ ಪ್ರದಕ್ಷಿಣೆ ಹಾಕಿದ ಹಾಗೆ. ಅಲ್ಲಿಂದ ಉಪ್ಪಿನಂಗಡಿಗೆ ಹೋಗಿ, ಸಹಸ್ರಲಿಂಗೇಶ್ವರ ದೇವಸ್ಥಾನದ ಬಳಿ ನೇತ್ರಾವತಿಯನ್ನು ಕೂಡುತ್ತದೆ.

ಆ ನೇತ್ರಾವತಿ ಬರುವುದು ಕುದುರೆಮುಖದ ಶ್ರೇಣಿಯಿಂದ. ಕುಮಾರ ಪರ್ವತ, ಕುದುರೆಮುಖ: ನಾಡಿನ ಚಾರಣಿಗರು ಹೆಚ್ಚಾಗಿ ಮುಗಿಬೀಳುವ ಎರಡು ಬೆಟ್ಟಗಳ ನೀರು ಉಪ್ಪಿನಂಗಡಿಯ ಸಂಗಮದಲ್ಲಿ ಒಂದಾಗುತ್ತದೆ. ಒಂದಾದ ಹೊಳೆ ತುಂಬೆಯ ಕಿಂಡಿ ಅಣೆಕಟ್ಟಿನಲ್ಲಿ ನಿಂತು ಮಂಗಳೂರಿನ ಮನೆಗಳ ನಲ್ಲಿಗೆ ಏರುತ್ತದೆ. ಬೇಸಿಗೆಯಲ್ಲಿ ತುಂಬೆಯಲ್ಲಿ ಎಷ್ಟು ನೀರಿದೆ ಎಂಬುದು ಮಂಗಳೂರಿನವರಿಗೆ ಪತ್ರಿಕೆಯಲ್ಲಿ ಓದುವ ಸುದ್ದಿ. ಆ ಸುದ್ದಿಯ ಬೇರು ಮೇಲೆ, ಹುಲ್ಲಿನಲ್ಲಿದೆ.

ಸ್ಥಳಪುರಾಣವೂ ನೀರು ಮೇಲಿನಿಂದ ಇಳಿಯಿತು ಎಂದೇ ಹೇಳುತ್ತದೆ. ತಾರಕ, ಶೂರಪದ್ಮಾಸುರರನ್ನು ಕೊಂದು ಬಂದ ಷಣ್ಮುಖ ಈ ಬೆಟ್ಟದಲ್ಲಿ ನಿಂತ. ಇಂದ್ರ ತನ್ನ ಮಗಳು ದೇವಸೇನೆಯನ್ನು ಅವನಿಗೆ ಕೊಟ್ಟ. ಅಭಿಷೇಕಕ್ಕೆಂದು ದೇವತೆಗಳು ತಂದ ತೀರ್ಥಗಳೆಲ್ಲ ಹರಿದು ಕುಮಾರಧಾರೆಯಾದವು. ಮದುವೆ ನಡೆದದ್ದು ಮಾರ್ಗಶಿರ ಶುದ್ಧ ಷಷ್ಠಿಯಂದು ಎಂಬ ನಂಬಿಕೆಯಿಂದ ಕುಕ್ಕೆಯಲ್ಲಿ ಚಂಪಾಷಷ್ಠಿಯ ಜಾತ್ರೆ. ತುದಿಯಲ್ಲಿ ಸಿಗುವ ಸಣ್ಣ ಕಲ್ಲುಗಳಲ್ಲಿ ಆರು ಮುಖ ಕಂಡರೆ ಅದನ್ನು ಕುಮಾರಲಿಂಗ ಎಂದು ಭಕ್ತರು ಕಣ್ಣಿಗೊತ್ತಿಕೊಳ್ಳುತ್ತಾರೆ. ಚಾರಣ ಎಂಬ ಪದ ಬಳಕೆಗೆ ಬರುವ ಎಷ್ಟೋ ಮೊದಲೇ ಈ ದಾರಿಯಲ್ಲಿ ಜನ ಬರಿಗಾಲಲ್ಲಿ ನಡೆದಿದ್ದರು.

ನೀರು ಕುಡಿಯುವ ನೆಲ

ಕುಕ್ಕೆಯ ಕಡೆಯ ಏರು ಶುರುವಾಗುವ ದೇವರಗದ್ದೆಯಿಂದ ಮೊದಲ ನಾಲ್ಕೈದು ಕಿಲೋಮೀಟರ್ ದಟ್ಟ ಕಾಡು. ಬೇರುಗಳೇ ಮೆಟ್ಟಿಲು. ಬಿಸಿಲು ಇಲ್ಲದಿದ್ದರೂ ಬೆವರು ಹರಿದು ಅಂಗಿ ಮೈಗಂಟುತ್ತದೆ. ಭೀಮನ ಕಲ್ಲು ಎಂಬ ಹೆಬ್ಬಂಡೆಯ ಬಳಿ ಎಲ್ಲರೂ ಕೂರುತ್ತಾರೆ, ನಾವೂ ಕೂತೆವು. ಆಮೇಲೆ ಒಮ್ಮೆಲೇ ಕಾಡು ಮುಗಿದು ಬಾನು ತೆರೆಯುತ್ತದೆ. ಅಲ್ಲಿಂದ ಮೇಲೆ ಹುಲ್ಲು. ಗುಡ್ಡದ ಬೆನ್ನಿಗೆಲ್ಲ ಹುಲ್ಲು ಹೊದ್ದಿದೆ, ಎರಡು ಗುಡ್ಡ ಸೇರುವ ಮಡಿಕೆಗಳಲ್ಲಿ ಮಾತ್ರ ಕುಳ್ಳ ಮರಗಳ ಕಪ್ಪು ಕಾಡು. ಈ ಮಡಿಕೆಯ ಕಾಡಿಗೆ ಶೋಲಾ ಎನ್ನುತ್ತಾರೆ. ತಮಿಳಿನ ಚೋಲೈ ಎಂಬ ಪದದಿಂದ ಬಂದ ಹೆಸರು.

ಹುಲ್ಲನ್ನು ಕಂಡರೆ ಕಾಡು ಕಡಿದು ಬೋಳಾದ ಜಾಗ ಎಂದು ಎಷ್ಟೋ ಜನ ತಿಳಿಯುತ್ತಾರೆ. ಹಿಂದೆ ಸರ್ಕಾರಗಳೂ ಹಾಗೆಯೇ ತಿಳಿದು ಘಟ್ಟದ ಹುಲ್ಲುಗಾವಲುಗಳಲ್ಲಿ ಅಕೇಶಿಯಾ, ನೀಲಗಿರಿ ನೆಡಿಸಿದ ಕಾಲವಿತ್ತು. ನಿಜದಲ್ಲಿ ಈ ಎತ್ತರದಲ್ಲಿ ಹುಲ್ಲು ಮತ್ತು ಶೋಲಾ ಒಂದೇ ಮನೆಯ ಎರಡು ಕೋಣೆಗಳು. ವರ್ಷಕ್ಕೆ ನಾಲ್ಕು ಸಾವಿರ ಮಿಲಿಮೀಟರ್ ಮೀರಿ ಮಳೆ ಸುರಿಯುವ ಸೀಮೆ ಇದು. ಜುಲೈನ ಮಳೆಗೆ ಗಾಳಿಯೂ ಸೇರಿದರೆ ಹನಿ ಅಡ್ಡಡ್ಡ ಬಡಿಯುತ್ತದೆ. ಬರಿಯ ಮಣ್ಣಾಗಿದ್ದರೆ ಒಂದೇ ಮಳೆಗಾಲದಲ್ಲಿ ಗುಡ್ಡ ಎಲುಬಾಗುತ್ತಿತ್ತು. ಹುಲ್ಲಿನ ಗರಿ ಆ ಪೆಟ್ಟನ್ನು ತಾನು ತಿನ್ನುತ್ತದೆ. ಹನಿ ಗರಿಯ ಮೇಲೆ ಜಾರಿ ಬುಡಕ್ಕಿಳಿದು, ಬೇರು ಮಾಡಿದ ಸಂದಿಗಳಲ್ಲಿ ಮಣ್ಣಿನೊಳಕ್ಕೆ ಹೋಗುತ್ತದೆ. ಒಳಗೊಳಗೇ ಜರುಗಿ ಮಡಿಕೆಯ ಶೋಲಾ ಸೇರುತ್ತದೆ. ಅಲ್ಲಿ ದರಗೆಲೆಯ ದಪ್ಪ ಹಾಸಿಗೆ, ಪಾಚಿ ಮೆತ್ತಿದ ಕಾಂಡ, ನೆರಳು. ನೀರು ಅಲ್ಲಿ ತಂಗಿ, ಜಿನುಗಿ, ಸಣ್ಣ ತೊರೆಯಾಗಿ ಹೊರಬರುತ್ತದೆ. ಅದಕ್ಕೇ ಡಿಸೆಂಬರ್‌ನಲ್ಲೂ ದಾರಿಯ ಕಲ್ಲುಮಂಟಪದ ಹತ್ತಿರ ಬಾಟಲಿ ತುಂಬಿಸಿಕೊಳ್ಳಲು ನೀರು ಸಿಗುತ್ತದೆ.

ಈಗ ಅದೇ ಹುಲ್ಲಿನ ಮೇಲೆ ಕಾಲು. ಒಬ್ಬರು ನಡೆದರೆ ಹುಲ್ಲು ಬಾಗುತ್ತದೆ, ಸಂಜೆಯೊಳಗೆ ಏಳುತ್ತದೆ. ನೂರಾರು ಜನ ನಡೆದರೆ ಸಾಯುತ್ತದೆ. ಹುಲ್ಲು ಸತ್ತ ಜಾಗದ ಮಣ್ಣು ತುಳಿತಕ್ಕೆ ಬಿಗಿಯುತ್ತದೆ, ಬಿಗಿದ ಮಣ್ಣು ನೀರು ಕುಡಿಯುವುದಿಲ್ಲ. ಒಳಗಿಳಿಯಬೇಕಿದ್ದ ಮಳೆ ದಾರಿಯುದ್ದಕ್ಕೂ ಓಡುತ್ತದೆ, ಓಡುತ್ತಾ ಕೊರೆಯುತ್ತದೆ. ಮುಂದಿನ ವರ್ಷ ಬಂದವರು ಕೊರಕಲಿನಲ್ಲಿ ಕಾಲು ಉಳುಕೀತೆಂದು ಬದಿಯ ಹುಲ್ಲಿನ ಮೇಲೆ ನಡೆಯುತ್ತಾರೆ. ಮೂರು ವರ್ಷಕ್ಕೆ ಅದೂ ಕೊರಕಲು. ಶೇಷಪರ್ವತದ ಕೆಳಗೆ ಒಂದು ಕಡೆ ನಿಂತು ಎಣಿಸಿದೆ: ಅಕ್ಕಪಕ್ಕದಲ್ಲಿ ನಾಲ್ಕು ದಾರಿ, ನಡುವೆ ದ್ವೀಪದಂತೆ ಉಳಿದ ಹುಲ್ಲಿನ ದಿಬ್ಬಗಳು. ದೂರದಿಂದ ನೋಡಿದರೆ ಜಡೆ ಹೆಣೆದ ಹಾಗಿದೆ.

ಇಡೀ ಬೆಟ್ಟದ ವಿಸ್ತಾರಕ್ಕೆ ಕಾಲುದಾರಿ ಒಂದು ಗೆರೆ ಮಾತ್ರ, ನಿಜ. ಘಟ್ಟಕ್ಕೆ ಇದಕ್ಕಿಂತ ದೊಡ್ಡ ಗಾಯಗಳಿವೆ. 2018ರ ಆಗಸ್ಟ್‌ನಲ್ಲಿ ಮಡಿಕೇರಿ, ಸೋಮವಾರಪೇಟೆ ಭಾಗದ ಗುಡ್ಡಗಳು ಜಾರಿದ್ದನ್ನು ಕೊಡಗು ಇನ್ನೂ ಮರೆತಿಲ್ಲ. ಅಲ್ಲಿ ರಸ್ತೆಗೆ, ಮನೆಗೆ, ವಸತಿಗೃಹಕ್ಕೆ ಇಳಿಜಾರಿನ ಬುಡ ಕಡಿದ ಪ್ರಶ್ನೆ ಎದ್ದಿತ್ತು. ಆದರೆ ಚಾರಣದ ಗೆರೆ ಹಾಯುವುದು ನೆತ್ತಿಯ ಏಣಿನ ಮೇಲೆ, ನೀರು ಎತ್ತ ಹೋಗಬೇಕು ಎಂದು ತೀರ್ಮಾನವಾಗುವ ಜಾಗದಲ್ಲಿ. ಆ ಜಾಗದಲ್ಲಿ ಆದ ಸಣ್ಣ ತಪ್ಪು ಇಳಿಯುತ್ತಾ ಬೆಳೆಯುತ್ತದೆ.

ಸಕಲೇಶಪುರದ ಕಡೆಯಿಂದ ಬಿಸಿಲೆಗೆ ಬರುವ ದಾರಿಯಲ್ಲಿ, ಮಂಕನಹಳ್ಳಿಯ ಬಳಿ ರಸ್ತೆ ಬದಿಗೆ ಒಂದು ಕಲ್ಲು ನೆಟ್ಟಿದ್ದಾರೆ. ಕಲ್ಲಿನ ಒಂದು ಮಗ್ಗುಲಿಗೆ ಬಿದ್ದ ಮಳೆ ಬಂಗಾಳ ಕೊಲ್ಲಿಗೆ, ಇನ್ನೊಂದು ಮಗ್ಗುಲಿನದು ಅರಬ್ಬಿ ಸಮುದ್ರಕ್ಕೆ. ಎರಡೂ ಬದಿಗೆ ಒಂದೊಂದು ಕಾಲಿಟ್ಟು ನಿಂತು ಫೋಟೊ ತೆಗೆಸಿಕೊಳ್ಳದೆ ಮುಂದೆ ಹೋದವರನ್ನು ನಾನು ಕಂಡಿಲ್ಲ. ಘಟ್ಟದ ಪ್ರತಿ ಏಣೂ ಅಂಥದೇ ಒಂದು ಕಲ್ಲು.

ಮೂರು ದಿನದ ರಜೆ

2024ರ ಜನವರಿ 26 ಶುಕ್ರವಾರ ಬಂದಿತ್ತು. ಗಣರಾಜ್ಯೋತ್ಸವಕ್ಕೆ ಶನಿವಾರ, ಭಾನುವಾರ ಸೇರಿ ಮೂರು ದಿನ ರಜೆ. ಆ ವಾರಾಂತ್ಯ ಕುಮಾರ ಪರ್ವತದ ದಾರಿಯಲ್ಲಿ ಸಾವಿರಾರು ಜನ ಸೇರಿದರು. ಅರಣ್ಯ ಇಲಾಖೆಯ ತಪಾಸಣಾ ಠಾಣೆಯ ಮುಂದೆ ಹೆಜ್ಜೆ ಇಡಲೂ ಜಾಗವಿಲ್ಲದೆ ಜನ ಒತ್ತರಿಸಿ ನಿಂತ ವಿಡಿಯೊಗಳು ಎರಡೇ ದಿನದಲ್ಲಿ ಊರೂರಿಗೆ ಹರಡಿದವು. ನೋಡಿದವರಿಗೆ ಅದು ಜಾತ್ರೆಯ ನೂಕುನುಗ್ಗಲಿನಂತೆ ಕಂಡಿತು. ಜಾತ್ರೆಗಾದರೂ ಬಯಲಿರುತ್ತದೆ, ಇದು ಏಣು.

ಅರಣ್ಯ ಸಚಿವ ಈಶ್ವರ ಖಂಡ್ರೆ, ಆನ್‌ಲೈನ್ ಬುಕಿಂಗ್ ಇಲ್ಲದ ಚಾರಣಪಥಗಳನ್ನು ತಾತ್ಕಾಲಿಕವಾಗಿ ನಿಲ್ಲಿಸಲು ಸೂಚಿಸಿದರು. ಅದೇ ವರ್ಷ ಅಕ್ಟೋಬರ್‌ನಲ್ಲಿ ‘ಅರಣ್ಯ ವಿಹಾರ’ ಎಂಬ ಜಾಲತಾಣ ಶುರುವಾಯಿತು. ಗುರುತಿನ ಚೀಟಿ ಕೊಟ್ಟು ಮೊದಲೇ ಟಿಕೆಟ್ ಪಡೆಯಬೇಕು. ಒಂದು ಪಥಕ್ಕೆ ದಿನಕ್ಕೆ 300 ಜನರ ಮಿತಿ.

ಮಿತಿ ಹಾಕಿದ್ದು ಸರಿ ಎಂದೇ ನನ್ನ ಅಭಿಪ್ರಾಯ. ಟಿಕೆಟ್ ಮುಗಿದುಹೋಗಿ ನನಗೂ ಎರಡು ಸಲ ದಿನ ಬದಲಿಸಬೇಕಾಯಿತು. ಆದರೂ ಸರಿಯೇ. ಆದರೆ ಮುನ್ನೂರು ಎಂಬುದನ್ನು ಸಣ್ಣ ಸಂಖ್ಯೆ ಎಂದು ಯಾರೂ ತಿಳಿಯಬಾರದು. ಇಳಿದು ಬಂದ ಮೇಲೆ ಲೆಕ್ಕ ಹಾಕಿ ನೋಡಿದೆ. ಹೋಗಿಬರಲು 26 ಕಿ.ಮೀ.; ಹೆಜ್ಜೆಗೆ 65 ಸೆಂಟಿಮೀಟರ್ ಹಿಡಿದರೆ ಒಬ್ಬರಿಗೆ 40,000 ಹೆಜ್ಜೆ. ಮುನ್ನೂರು ಜನರಿಗೆ 1.2 ಕೋಟಿ. ಒಂದೇ ದಿನಕ್ಕೆ, ಒಂದೇ ಗೆರೆಯ ಮೇಲೆ. ಜನರನ್ನು ಎಣಿಸುವುದು ಕೆಲಸದ ಮೊದಲ ಅರ್ಧ. ಹೆಜ್ಜೆ ಬಿದ್ದ ನೆಲವನ್ನು ನೋಡಿಕೊಳ್ಳುವುದು ಉಳಿದ ಅರ್ಧ, ಅದು ಇನ್ನೂ ಆಗಬೇಕು.

ಆ ಕೆಲಸ ಗೊತ್ತಿರುವವರನ್ನು ದೂರದಿಂದ ಕರೆಸಬೇಕಾಗಿಯೂ ಇಲ್ಲ. ಬೆಟ್ಟದ ಒಂದು ಕಡೆ ಕಾಫಿ, ಇನ್ನೊಂದು ಕಡೆ ಅಡಿಕೆ. ಕಾಫಿ ತೋಟದವರು ಇಳಿಜಾರಿನಲ್ಲಿ ಸಾಲುಗಳ ನಡುವೆ ತೊಟ್ಟಿಲುಗುಂಡಿ ತೆಗೆಯುತ್ತಾರೆ. ಓಡುವ ಮಳೆನೀರು ಅಲ್ಲಿ ನಿಂತು, ತಂದ ಮಣ್ಣನ್ನು ಅಲ್ಲೇ ಬಿಟ್ಟು, ನೆಲಕ್ಕಿಳಿಯುತ್ತದೆ. ಅಡಿಕೆ ತೋಟದವರಿಗೆ ಬಸಿಗಾಲುವೆಯ ಓರೆ ಎಷ್ಟಿರಬೇಕು ಎಂದು ಅಳತೆಪಟ್ಟಿ ಇಲ್ಲದೆಯೇ ಗೊತ್ತು. ದಾರಿಗೆ ಅಡ್ಡಲಾಗಿ ಹತ್ತಿಪ್ಪತ್ತು ಮಾರಿಗೊಂದು ಓರೆಗಲ್ಲಿನ ಸಾಲು ಹೂಳಿದರೆ ನೀರು ವೇಗ ಹಿಡಿಯುವ ಮೊದಲೇ ಹುಲ್ಲಿನತ್ತ ತಿರುಗುತ್ತದೆ. ಕಡಿದಾದ ಕಡೆ ಸ್ಥಳದ ಕಲ್ಲಿನಲ್ಲೇ ಮೆಟ್ಟಿಲು. ಜಡೆಯಾದ ದಾರಿಗಳಲ್ಲಿ ಒಂದನ್ನು ಉಳಿಸಿ, ಬಾಕಿಯವಕ್ಕೆ ಮುಳ್ಳು ಹಾಕಿ ಎರಡು ಮಳೆಗಾಲ ಬಿಟ್ಟರೆ ಮುಳಿಹುಲ್ಲು ತಾನೇ ಹಬ್ಬಲು ಶುರುಮಾಡುತ್ತದೆ. ಚಾರಣಿಗರು ಕಟ್ಟುವ ಹಣದಲ್ಲಿ ಒಂದು ಪಾಲು ಹೀಗೆ ಊರಿನವರ ಕೂಲಿಯಾಗಿ ದಾರಿಗೇ ಮರಳಬೇಕು ಎಂಬುದು ನನ್ನ ಗಟ್ಟಿ ಮಾತು.

ಗಿರಿಗದ್ದೆಯ ಅನ್ನ

ಕಾಡು ಮುಗಿದು ಹುಲ್ಲು ಶುರುವಾಗುವ ಹೊತ್ತಿಗೆ ಗಿರಿಗದ್ದೆ. ಅಲ್ಲಿನ ಭಟ್ಟರ ಮನೆಯಲ್ಲಿ ಉಣ್ಣದೆ ಈ ಬೆಟ್ಟ ಹತ್ತಿದವರು ಕಡಿಮೆ. ರಸ್ತೆಯಿಲ್ಲದ ಜಾಗದಲ್ಲಿ ಒಂದು ಮನೆ, ಸುತ್ತ ಅಡಿಕೆ ತೋಟ. ಅಕ್ಕಿ, ಬೇಳೆ ಎಲ್ಲವೂ ಕೆಳಗಿನಿಂದಲೇ ಬರಬೇಕು. ನಾವು ಹೋದಾಗ ಅನ್ನ, ಸಾಂಬಾರು, ಉಪ್ಪಿನಕಾಯಿ, ನೀರುಮಜ್ಜಿಗೆ. ಬಡಿಸುತ್ತಿದ್ದವರು ತಟ್ಟೆ ಖಾಲಿಯಾಗಲು ಬಿಡಲಿಲ್ಲ. “ಇನ್ನು ಸ್ವಲ್ಪ ಹಾಕ್ತೇನೆ. ಗುಡ್ಡೆ ಹತ್ಲಿಕ್ಕೆ ಉಂಟಲ್ಲ, ಹೀಗೆ ಉಂಡ್ರೆ ಎಂತಕ್ಕೂ ಸಾಕಾಗುದಿಲ್ಲ” ಎಂದರು. ಮಜ್ಜಿಗೆಗೆ ಹಸಿಮೆಣಸು ಜಜ್ಜಿ ಹಾಕಿದ್ದರು. ಬೆವರಿ ಬಸವಳಿದ ಮೈಗೆ ಆ ಉಪ್ಪು, ಆ ಹುಳಿ ಇಳಿದಾಗ ಆದ ಹಿತವನ್ನು ಯಾವ ಶಕ್ತಿಪೇಯವೂ ಕೊಡಲಾರದು.

ಊಟದ ಮೇಲೆ ತಪಾಸಣಾ ಠಾಣೆ. ಅರಣ್ಯ ಕಾವಲುಗಾರ ಪ್ರತಿ ಚೀಲ ಬಿಚ್ಚಿಸಿ ನೋಡುತ್ತಿದ್ದ. “ಒಳಗೆ ಎಂತ ಉಂಟು ಅಣ್ಣ, ಎಲ್ಲ ಹೊರಗೆ ತೆಗೀರಿ.” ನೀರಿನ ಬಾಟಲಿ ಮೂರು, ಬಿಸ್ಕತ್ತಿನ ಪೊಟ್ಟಣ ನಾಲ್ಕು, ಚಾಕಲೇಟ್ ಎರಡು ಎಂದು ಬರೆದುಕೊಂಡ. ಇಳಿಯುವಾಗ ಅಷ್ಟೂ ತೋರಿಸಬೇಕು. ನನ್ನ ಹಿಂದಿದ್ದ ಹುಡುಗನ ಚೀಲದಲ್ಲಿ ಸಣ್ಣ ಶಾಂಪೂ ಪೊಟ್ಟಣಗಳು ಸಿಕ್ಕವು, ತೊರೆಯಲ್ಲಿ ಸ್ನಾನ ಮಾಡುವ ಉಮೇದು. ಕಾವಲುಗಾರ ಬೈಯಲಿಲ್ಲ. ಪೊಟ್ಟಣಗಳನ್ನು ಮೇಜಿನ ಮೇಲೆ ಎತ್ತಿಟ್ಟು, “ಆ ನೀರನ್ನೇ ನಾವು ಕುಡಿಯುದು” ಎಂದಷ್ಟೇ ಹೇಳಿದ. ಹುಡುಗ ತಲೆಯಾಡಿಸಿದ.

ಇಂಬಳದ ಮಾತನ್ನೂ ಹೇಳಬೇಕು, ಏಕೆಂದರೆ ಅನೇಕರು ಮೊದಲು ಕೇಳುವುದೇ ಅದನ್ನು. ಮಳೆ ನಿಂತ ಹೊಸತರಲ್ಲಿ ಕೆಳಗಿನ ಕಾಡಿನಲ್ಲಿ ಬೇಕಾದಷ್ಟಿವೆ. ಮೈಯ ಬಿಸಿಗೆ, ಹೆಜ್ಜೆಯ ಅದುರಿಗೆ ದರಗೆಲೆಯ ಮೇಲೆ ತಲೆಯೆತ್ತಿ ತೂಗಾಡುತ್ತವೆ. ಹೊಗೆಸೊಪ್ಪು ನೆನೆಸಿದ ನೀರನ್ನು ಕಾಲುಚೀಲಕ್ಕೆ ಹಚ್ಚುವುದು ಮಲೆನಾಡಿನ ಹಳೆಯ ಉಪಾಯ. ಕಚ್ಚಿದ್ದನ್ನು ಕಿತ್ತೆಳೆಯಬಾರದು. ಉಗುರನ್ನು ಅದರ ಬಾಯಿಯ ಬುಡಕ್ಕೆ ಒತ್ತಿ ಜಾರಿಸಿದರೆ ಬಿಡುತ್ತದೆ. ರಕ್ತ ಹೆಪ್ಪುಗಟ್ಟದಂತೆ ಮಾಡುವ ರಸವನ್ನು ಅದು ಗಾಯಕ್ಕೆ ಸೇರಿಸಿರುವುದರಿಂದ ಸ್ವಲ್ಪ ಹೊತ್ತು ರಕ್ತ ಸುರಿಯುತ್ತದೆ, ಹೆದರಬೇಕಿಲ್ಲ. ಇಂಬಳ ಇದೆ ಎಂದರೆ ನೆಲದಲ್ಲಿ ತೇವ ಇದೆ ಎಂದು ಅರ್ಥ. ಆ ತೇವ ನೋಡಲೆಂದೇ ಬಂದವನಿಗೆ ಅದರ ಮೇಲೆ ಸಿಟ್ಟು ಬರಲಿಲ್ಲ.

ಪುಷ್ಪಗಿರಿ ವನ್ಯಜೀವಿಧಾಮವಾಗಿ ಘೋಷಣೆಯಾದದ್ದು 1987ರಲ್ಲಿ. 2012ರಲ್ಲಿ ಯುನೆಸ್ಕೊ ಪಶ್ಚಿಮ ಘಟ್ಟದ 39 ತಾಣಗಳನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದಾಗ ಕರ್ನಾಟಕದ ಹತ್ತರಲ್ಲಿ ಇದೂ ಒಂದು. ಅಂಗೈಗಿಂತ ಅಗಲದ ಅಟ್ಲಾಸ್ ಪತಂಗ ಇಲ್ಲಿನ ಕಾಡಿನದು. ನಮಗೆ ಕಾಣಲಿಲ್ಲ. ಕಂಡದ್ದು ಆನೆಯ ಲದ್ದಿ, ಕೇಳಿದ್ದು ಶೋಲಾದ ಅಂಚಿನಲ್ಲಿ ಮಲಬಾರ್ ಸಿಳ್ಳಾರದ ಶಿಳ್ಳೆ. ಮರೆತ ಹಾಡನ್ನು ನೆನಪಿಸಿಕೊಳ್ಳಲು ಯತ್ನಿಸುವವರ ಹಾಗೆ ಅದು ಏರಿಸಿ ಇಳಿಸಿ, ಅರ್ಧಕ್ಕೇ ಬಿಟ್ಟು, ಮತ್ತೆ ಎತ್ತಿಕೊಳ್ಳುತ್ತದೆ.

ಮಲ್ಲಳ್ಳಿಯ ಬಣ್ಣ

ಬೆಟ್ಟ ಹತ್ತುವುದಕ್ಕೆ ಎರಡು ತಿಂಗಳು ಮೊದಲು, ಸೆಪ್ಟೆಂಬರ್‌ನಲ್ಲಿ ಮಲ್ಲಳ್ಳಿಗೆ ಹೋಗಿದ್ದೆ. ಕೊಡಗಿನ ಕಕ್ಕಡ, ತುಳುನಾಡಿನ ಆಟಿ ತಿಂಗಳು ಕಳೆದು ಮಳೆ ತುಸು ಉಸಿರುಬಿಡುವ ಹೊತ್ತು. ಸೋಮವಾರಪೇಟೆಯಿಂದ ಶಾಂತಳ್ಳಿ ದಾಟಿ ಹೋಗುವ ರಸ್ತೆ. ಕೊನೆಯಲ್ಲಿ ಕೆಳಗಿಳಿಯುವ ನೂರಾರು ಮೆಟ್ಟಿಲು. ಜಲಪಾತ ಕಾಣುವ ಮೊದಲು ಸದ್ದು ಬರುತ್ತದೆ, ಸದ್ದಿನ ಹಿಂದೆಯೇ ಮುಖಕ್ಕೆ ತುಂತುರು. ಕುಮಾರಧಾರಾ ಸುಮಾರು 62 ಮೀಟರ್ ಕೆಳಗೆ ಬೀಳುತ್ತಿದೆ. ಬಂಡೆಯ ಮೇಲೆ ಹರಡಿಕೊಂಡು, ನಡುವೆ ಒಮ್ಮೆ ಮುರಿದು, ಮತ್ತೆ ಧುಮುಕಿ. ಕಣ್ಣು ಒಂದು ಎಳೆ ನೀರನ್ನು ಹಿಡಿದು ಕೆಳಗಿನವರೆಗೆ ಹಿಂಬಾಲಿಸಲು ಯತ್ನಿಸುತ್ತದೆ, ಅರ್ಧದಲ್ಲೇ ಅದು ಹೊಗೆಯಾಗಿ ಕೈತಪ್ಪುತ್ತದೆ.

ಕೊಡಗು, ಮಲೆನಾಡಿನಲ್ಲಿ ಬೀಳುವ ನೀರಿಗೆ ಅಬ್ಬಿ ಎನ್ನುತ್ತಾರೆ. ಮಡಿಕೇರಿಯ ‘ಅಬ್ಬಿ ಫಾಲ್ಸ್’ ಎಂಬ ಹೆಸರಿನಲ್ಲಿ ಒಂದೇ ಮಾತು ಎರಡು ಸಲ ಬಂದಿದೆ. ತುಳುವಿನಲ್ಲಿ ಅರ್ಬಿ. ಶರಾವತಿಯ ಸೀಮೆಯಲ್ಲಿ ಜೋಗ. ನೀರು ಬೀಳುವುದನ್ನು ಇಷ್ಟು ಹೆಸರಿನಲ್ಲಿ ಕರೆದ ಜನ ಅದರ ಜತೆಗೇ ಬದುಕಿದ್ದರು.

ಮೇಲೆ ಚಹಾ ಅಂಗಡಿ ಇಟ್ಟಿದ್ದ ಹೆಂಗಸು ನಾನು ಇಳಿಯುವ ಮುಂಚೆಯೇ ಎಚ್ಚರಿಸಿದ್ದರು: “ನೀರು ಕೆಂಪಾದ್ರೆ ಮೇಲೆ ಬಂದ್ಬಿಡಿ ಅಣ್ಣ. ಮೇಲೆ ಮಳೆ ಬಿತ್ತು ಅಂತ ತಿಳ್ಕೊಳ್ಳಕ್ಕೆ ನಮಗೆ ಫೋನ್ ಬೇಡ, ಬಣ್ಣ ನೋಡಿದ್ರೆ ಸಾಕು.” ಪ್ರತಿ ಮಳೆಗಾಲ ಜಲಪಾತಗಳಲ್ಲಿ ಜೀವ ಹೋಗುವುದು ಹೆಚ್ಚಾಗಿ ಈ ಒಂದು ತಿಳಿವಳಿಕೆ ಇಲ್ಲದೆ. ನಿಂತ ಜಾಗದಲ್ಲಿ ಬಿಸಿಲಿರಬಹುದು; ನಾಲ್ಕು ಮೈಲಿ ಮೇಲೆ ಕಾಣದ ಕಣಿವೆಯಲ್ಲಿ ಮೋಡ ಒಡೆದಿರುತ್ತದೆ. ನೀರಿನ ಬಣ್ಣ ಕದಡಿದರೆ, ಎಲೆ ಕಡ್ಡಿ ತೇಲಿಬರತೊಡಗಿದರೆ, ಸದ್ದು ದಪ್ಪವಾದರೆ, ಅದೇ ಕ್ಷಣ ಬಂಡೆ ಬಿಟ್ಟು ಮೇಲೇರಬೇಕು. ಪಾಚಿ ಹಿಡಿದ ಬಂಡೆಗೆ ಯಾವ ಬೆಲೆಯ ಬೂಟೂ ಕಚ್ಚುವುದಿಲ್ಲ. ಕಟಕಟೆ ದಾಟಿ ಒಂದು ಫೋಟೊಗಾಗಿ ಮುಂದೆ ಹೋಗುವ ಹುಡುಗರನ್ನು ಕಂಡಾಗೆಲ್ಲ ನನ್ನ ಎದೆ ನಡುಗುತ್ತದೆ. ಅವರ ಮನೆಯಲ್ಲಿ ಯಾರೋ ಊಟಕ್ಕೆ ಕಾಯುತ್ತಿರುತ್ತಾರೆ.

ಅಂದು ಮೊದಲು ನೀರು ಹಾಲಿನಂತಿತ್ತು. ಮುಕ್ಕಾಲು ಗಂಟೆ ಕಳೆದಿರಬೇಕು, ಎಡಬದಿಯ ಎಳೆಯಲ್ಲಿ ಚಹಾದ ಬಣ್ಣ ಬೆರೆಯಿತು. ನಿಧಾನಕ್ಕೆ ಅದು ಬಲಕ್ಕೂ ಹರಡಿತು. ಹೇಳಿದ ಮಾತಿನಂತೆ ಮೆಟ್ಟಿಲು ಹತ್ತಿದೆ. ಆ ಬಣ್ಣ ಯಾವ ಮಣ್ಣಿನದೆಂದು ಆಗ ಯೋಚಿಸಿರಲಿಲ್ಲ. ನವೆಂಬರ್‌ನಲ್ಲಿ ಕೊರಕಲಿನ ಗೋಡೆಯ ಮುಂದೆ ಕೂತಾಗ, ಬೆರಳಿಗಂಟಿದ ಮಣ್ಣನ್ನು ನೋಡಿ ಅದು ನೆನಪಾಯಿತು.

ನೆತ್ತಿಯಿಂದ ಕೆಳಕ್ಕೆ

ಶೇಷಪರ್ವತ ದಾಟಿದ ಮೇಲೆ ದಾರಿ ಒಮ್ಮೆ ಇಳಿದು ಶೋಲಾದೊಳಗೆ ನುಗ್ಗುತ್ತದೆ. ಬಿಸಿಲಿನಿಂದ ಒಳಗೆ ಕಾಲಿಟ್ಟರೆ ನೆಲಮಾಳಿಗೆಯ ತಂಪು. ಮತ್ತೆ ಹೊರಬಂದರೆ ಕೊನೆಯ ಬಂಡೆಯ ಏರು. ಮಳೆನೀರು ಒಸರುವ ದಿನಗಳಲ್ಲಿ ಅದೂ ಒಂದು ಸಣ್ಣ ಅಬ್ಬಿಯೇ. ನೆತ್ತಿಯಲ್ಲಿ ಕಲ್ಲು ಪೇರಿಸಿದ ಪುಟ್ಟ ಗುಡಿ, ಅದರಾಚೆ ಗಾಳಿ. ಪೂರ್ವಕ್ಕೆ ಸೋಮವಾರಪೇಟೆಯ ಕಾಫಿ ಬೆಟ್ಟಗಳು, ಉತ್ತರಕ್ಕೆ ಬಿಸಿಲೆಯ ಕಾಡು, ಪಶ್ಚಿಮಕ್ಕೆ ಕರಾವಳಿಯ ಮೇಲೆ ಹರಡಿದ ಮಂಜು. ಸಮುದ್ರ ಕಾಣಲಿಲ್ಲ. ತುದಿಯಲ್ಲಿ ಬಿಡಾರ ಹೂಡಲು ಬಿಡುವುದಿಲ್ಲ, ಕತ್ತಲೆಗೆ ಮೊದಲು ಇಳಿಯಬೇಕು. ಅರ್ಧ ಗಂಟೆಯೂ ನಿಲ್ಲದೆ ಹಿಂದಿರುಗಿದೆವು. ಇಳಿಯುವಾಗ ಕೊರಕಲು ಬಂದ ಕಡೆಯಲ್ಲೆಲ್ಲ ಅದರೊಳಗೇ ನಡೆದೆ. ಕಾಲು ಉಳುಕುವ ಭಯ ಇದ್ದೇ ಇತ್ತು. ನನ್ನ ಹಿಂದೆ ಬರುತ್ತಿದ್ದ ಶಾಂಪೂ ಪೊಟ್ಟಣದ ಹುಡುಗನೂ ಯಾರೂ ಹೇಳದೆ ಕೊರಕಲಿಗೇ ಇಳಿದ.

ಕುಕ್ಕೆ ಮುಟ್ಟುವಾಗ ದೀಪ ಹತ್ತಿತ್ತು. ಮೊಣಕಾಲು ನನ್ನ ಮಾತು ಕೇಳುತ್ತಿರಲಿಲ್ಲ. ಸ್ನಾನಘಟ್ಟಕ್ಕೆ ಹೋಗಿ ಮೆಟ್ಟಿಲ ಮೇಲೆ ಕೂತು, ಕಾಲನ್ನು ಕುಮಾರಧಾರೆಯಲ್ಲಿ ಇಳಿಬಿಟ್ಟೆ. ಆಷಾಢದ ಜೋರು ಮಳೆಗೆ ಈ ಮೆಟ್ಟಿಲುಗಳೆಲ್ಲ ಮುಳುಗಿ ಹೋಗುತ್ತವೆ. ಈಗ ಹೊಳೆ ತಿಳಿಯಾಗಿ, ತಳದ ಕಲ್ಲು ಕಾಣುವಷ್ಟು ತೆಳ್ಳಗೆ ಹರಿಯುತ್ತಿತ್ತು. ಹಿಮ್ಮಡಿಗೆ ಮೆತ್ತಿದ್ದ ಕಪ್ಪು ಮಣ್ಣು ಕರಗಿ ಒಂದು ಗೆರೆಯಾಗಿ ಸರಿದುಹೋಯಿತು.

ಪಕ್ಕದಲ್ಲಿ ಬಳ್ಳಾರಿ ಕಡೆಯ ಬಸ್ಸಿನಲ್ಲಿ ಬಂದ ಒಂದು ದೊಡ್ಡ ಕುಟುಂಬ. ಅವರಲ್ಲಿದ್ದ ಅಜ್ಜಿ ನನ್ನ ಕೆಸರು ಪ್ಯಾಂಟನ್ನೂ ಊರುಗೋಲನ್ನೂ ನೋಡಿ, “ಎಲ್ಲಿಗೆ ಹೋಗಿದ್ಯಪ್ಪಾ?” ಎಂದರು. ಕತ್ತಲಲ್ಲಿ ಕರಗುತ್ತಿದ್ದ ಬೆಟ್ಟದ ಕಡೆ ಕೈ ತೋರಿಸಿದೆ.

“ಅಷ್ಟು ಮ್ಯಾಲ? ಏನೈತಿ ಅಲ್ಲಿ?”

“ಹುಲ್ಲು ಇದೆ ಅಜ್ಜಿ. ಈ ಹೊಳೆ ಅಲ್ಲಿಂದಲೇ ಬರೋದು.”

ಅಜ್ಜಿ ಬೆಟ್ಟವನ್ನು ಇನ್ನೊಮ್ಮೆ ನೋಡಿದರು. ಆಗಲೇ ತುಂಬಿಸಿ ಮುಚ್ಚಳ ಹಾಕಿದ್ದ ತಂಬಿಗೆಯನ್ನು ಬಿಚ್ಚಿ, ಹೊಳೆಗೆ ಸುರಿದು, ಎರಡು ಮೆಟ್ಟಿಲು ಕೆಳಗಿಳಿದು, ನನ್ನ ಕಾಲಿನಿಂದ ಮೇಲ್ಗಡೆ ಹರಿಯುತ್ತಿದ್ದ ನೀರಿನಲ್ಲಿ ಮತ್ತೆ ತುಂಬಿಸಿಕೊಂಡರು. ನಾನು ಕಾಲು ಮೇಲೆಳೆದುಕೊಂಡೆ.